ಎಂತ ಹಾಕಿಕೊಂಡು ಬರ್ಲಿ

ಇಪ್ಪತ್ತೆಂಟನೇ ನಂಬರಿನವನ ಕಿವಿ ಅಲ್ಲಾಡುತ್ತಿದೆ, ಉಗುಳು ನುಂಗಿದಾಗಲೆಲ್ಲ ಒಂದು ಎಳೆಯಷ್ಟು ಮೇಲೆ ಹೋಗಿ ಇಳಿಯುತ್ತದೆ, ಅವನಿಗೆ ಗೊತ್ತಿಲ್ಲ, ಅವನು ಟೈ ನೆಟ್ಟಗಿದೆಯೇ ಎಂದು ಮಾತ್ರ ನೋಡಿಕೊಳ್ಳುತ್ತಿದ್ದಾನೆ, ತೆರೆಯ ಮೇಲೆ ಈ ಕಿವಿ ಒಂದು ಬಾಗಿಲಿನಷ್ಟು ದೊಡ್ಡದಾಗುತ್ತದೆ, ಜನ ಇವನ ದುಃಖ ನೋಡುವುದು ಬಿಟ್ಟು ಕಿವಿ ನೋಡುತ್ತಾರೆ — ಎಡಕ್ಕೆ ತಿರುಗಿ, ಅನ್ನುತ್ತಾಳೆ ಜೆಸ್ಸಿ, ಈಗ ಬಲಕ್ಕೆ, ಸಾಕು, ನಾವು ಫೋನ್ ಮಾಡ್ತೇವೆ, ಅವನು ಥ್ಯಾಂಕ್ಯೂ ಮೇಡಂ ಅನ್ನುತ್ತಾನೆ, ಬಾಗಿಲ ಹಿಡಿಕೆಗೂ ಥ್ಯಾಂಕ್ಯೂ ಅನ್ನುವಷ್ಟು ವಿನಯದಿಂದ ಹೊರಗೆ ಹೋಗುತ್ತಾನೆ. ಶುಕ್ರವಾರ, ದುಬೈಯ ದೇರಾದ ಈ ಸಣ್ಣ ಹೊಟೇಲಿನ ಮೊದಲ ಮಹಡಿಯ ಮೀಟಿಂಗ್ ರೂಮು, ಒಂದು ಫ್ರೆಂಚ್ ಸಿನಿಮಾಕ್ಕೆ ಮುಖ ಆರಿಸುವ ಟೆಸ್ಟು, ಹೊರಗೆ ಮೆಟ್ಟಿಲ ಉದ್ದಕ್ಕೂ ಗಂಡಸರು, ನಮಾಜು ಮುಗಿಸಿ ಬಂದವರು, ಇಗರ್ಜಿಯಿಂದ ಬಂದವರು, ರಜೆಯ ದಿನದ ಇಸ್ತ್ರಿಯ ವಾಸನೆ, ಅತ್ತರು, ಪೌಡರು, ಎಲ್ಲರೂ ಪಾಸ್‌ಪೋರ್ಟ್ ಫೋಟೋಕ್ಕೆ ನಿಂತ ಹಾಗೆ ಮುಖ ಗಟ್ಟಿ ಮಾಡಿಕೊಂಡು ಒಳಗೆ ಬರುತ್ತಾರೆ, ಈ ಊರಲ್ಲಿ ಫೋಟೋ ಎಂದರೆ ವೀಸಾ, ಲೇಬರ್ ಕಾರ್ಡು, ಹೆಲ್ತ್ ಕಾರ್ಡು, ನಗಬಾರದು, ಕಿವಿ ಕಾಣಬೇಕು, ಹಿಂದೆ ಬಿಳಿ ಗೋಡೆ ಇರಬೇಕು, ಅವಳಿಗೆ ಬೇಕಾದ ಮುಖವನ್ನು ಅವರೆಲ್ಲ ಮನೆಯಲ್ಲೇ ಬಿಟ್ಟು ಬಂದಿರುತ್ತಾರೆ. ಒಂದು ವಾರ, ಆರುನೂರು ಮುಖ. ಆದರೆ ಇವತ್ತು ಅವಳು ಹುಡುಕುತ್ತಿಲ್ಲ, ಹುಡುಕಾಟ ಮುಗಿದಿದೆ, ಇದು ಬರೀ ಶಾಸ್ತ್ರ, ತೊಡೆಯ ಮೇಲಿನ ಪಟ್ಟಿಯಲ್ಲಿ ಮೂವತ್ತೊಂದನೇ ಸಾಲು, ಬೆನೆಡಿಕ್ಟ್ ಪಿಂಟೊ, ಐವತ್ತು, ವೇಟರ್, ಅಣ್ಣ — ಅಣ್ಣ ಎಂದು ಪಟ್ಟಿಯಲ್ಲಿ ಬರೆದಿಲ್ಲ, ಅದು ಅವಳಿಗೆ ಮಾತ್ರ ಗೊತ್ತು. ಅವನು ಬರಬೇಕು, ಕೂರಬೇಕು, ಮೂರು ಮಾತು ಹೇಳಬೇಕು, ಅಷ್ಟೇ, ಪಾತ್ರ ಆಗಲೇ ಅವನದ್ದು, ಅವನಿಗೆ ಮಾತ್ರ ಅದು ತಿಳಿದಿಲ್ಲ.

ನೆಕ್ಸ್ಟ್ ಕರೀಲಾ ಆಂಟಿ, ಅನ್ನುತ್ತಾಳೆ ನತಾಶಾ, ಇಲ್ಲೇ ದುಬೈಯ ಮಿರ್ದಿಫ್‌ನಲ್ಲಿ ಬೆಳೆದ ಹುಡುಗಿ, ಅಪ್ಪ ಅಮ್ಮ ಮಂಗಳೂರಿನವರು, ಕೊಂಕಣಿಯಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ ಕೊಡುವವಳು, ಸ್ಲೇಟಿನ ಮೇಲೆ ನಂಬರು ಬರೆಯುವುದು, ಕ್ಯಾಮೆರಾಕ್ಕೆ ಟೇಪು ಹಾಕುವುದು, ಚಹಾ ತರಿಸುವುದು ಅವಳ ಕೆಲಸ, ಮದಾಮ್ ಒದೀಲ್ ಇದ್ದಿದ್ದರೆ ಈ ಹುಡುಗಿಯನ್ನು ಎರಡೇ ದಿನದಲ್ಲಿ ತಿದ್ದುತ್ತಿದ್ದಳು, ನೆಕ್ಸ್ಟ್ ಅನ್ನಬಾರದು ಮಗು, ಹೆಸರು ಹಿಡಿದು ಕರೆ, ಹೆಸರು ಕೇಳಿ ಮುಖ ಹೇಗೆ ಏಳುತ್ತದೆ ನೋಡು. ಒದೀಲ್, ಮೂವತ್ತು ವರ್ಷ ಫ್ರೆಂಚ್ ಸಿನಿಮಾಕ್ಕೆ ಮುಖ ಹುಡುಕಿಕೊಟ್ಟವಳು, ಪ್ಯಾರಿಸ್ಸಿನ ಆ ಕಟ್ಟಡದ ಐದನೇ ಮಹಡಿ, ನಾಲ್ಕನೆಯದರಲ್ಲಿ ಎಣ್ಣೆ ಕಂಪನಿಯ ಎಂಜಿನಿಯರನ ಸಂಸಾರ, ಅವರ ಎರಡು ಮಕ್ಕಳಿಗೆ ಆಯಾ ಜೆಸ್ಸಿ. ಅಬುಧಾಬಿಯಲ್ಲಿ ಮೂರು ವರ್ಷ ನೋಡಿಕೊಂಡ ಮಕ್ಕಳು, ತೊಂಬತ್ತರ ಆಗಸ್ಟಿನಲ್ಲಿ ಕುವೈತಿಗೆ ಟ್ಯಾಂಕುಗಳು ನುಗ್ಗಿದ ವಾರ ದೊರೆಸಾನಿ ಹೆದರಿ ಗಂಟುಮೂಟೆ ಕಟ್ಟಿದಾಗ ಸಣ್ಣವನು ಇವಳ ಲಂಗ ಹಿಡಿದು ಬಿಡಲೇ ಇಲ್ಲ, ಹಾಗೆ ಹೋದದ್ದು ಪ್ಯಾರಿಸ್ಸಿಗೆ, ಶನಿವಾರ ಮೇಲಿನ ಮನೆಗೆ ಧೂಳು ಒರೆಸಲು, ಗೋಡೆಯುದ್ದ ಚಪ್ಪಲಿ ಡಬ್ಬಿಗಳು, ಡಬ್ಬಿ ತುಂಬ ನಟರ ಫೋಟೋ, ಒಂದು ದಿನ ಡಬ್ಬಿ ಕೈತಪ್ಪಿ ಎಲ್ಲ ನೆಲಕ್ಕೆ, ಓದಲು ಬಾರದ ಹೆಸರುಗಳು, ತೋಚಿದ ಹಾಗೆ ಜೋಡಿಸಿಟ್ಟಳು, ಸಂಜೆ ಒದೀಲ್ ಕರೆದು ಇಬ್ಬರ ಫೋಟೋ ಹಿಡಿದು ಕೇಳಿದಳು, ಒಬ್ಬ ಮುದುಕ ಒಬ್ಬ ಯುವಕ, ಇವರನ್ನು ಯಾಕೆ ಒಟ್ಟಿಗೆ ಇಟ್ಟೆ, ತನ್ನ ಹರಕು ಫ್ರೆಂಚಿನಲ್ಲಿ ಜೆಸ್ಸಿ ಹೇಳಿದ್ದು ಇಷ್ಟೇ, ಇಬ್ಬರೂ ತಾಯಿಗೆ ಸುಳ್ಳು ಹೇಳುವವರು. ಒದೀಲ್ ಆ ಎರಡು ಫೋಟೋವನ್ನು ಮತ್ತೆ ಒಂದೇ ಡಬ್ಬಿಗೆ ಹಾಕಿದಳು. ಮುಂದಿನ ಶನಿವಾರ ಧೂಳು ಒರೆಸಲು ಬೇರೆ ಹೆಂಗಸು ಬಂದಳು, ಜೆಸ್ಸಿಯನ್ನು ಮೇಜಿನ ಈಚೆ ಕೂರಿಸಿ ಒದೀಲ್ ಹೇಳಿದಳು, ನೋಡು, ನೋಡಿದ್ದನ್ನು ನನಗೆ ಹೇಳು, ಅವರಿಗೆ ಹೇಳಬೇಡ. ಆಮೇಲೆ ಹತ್ತು ವರ್ಷ ಅದೇ ಪಾಠ, ಮುಖದಲ್ಲಿ ನೀನು ಕಂಡದ್ದನ್ನು ಆ ಮುಖದವನಿಗೆ ಯಾವತ್ತೂ ಹೇಳಬೇಡ, ಹೇಳಿದ ದಿನದಿಂದ ಅವನು ಅದನ್ನು ಮಾಡಿ ತೋರಿಸುತ್ತಾನೆ, ಮಾಡಿ ತೋರಿಸಿದ್ದು ಸತ್ತುಹೋಗುತ್ತದೆ. ಮಾರ್ಸೆಯ ಮೀನಿನ ಅಂಗಡಿಯಲ್ಲಿ ಸಿಕ್ಕ ಆ ಹೆಂಗಸು, ಅಳುವುದಕ್ಕೆ ಒಂದು ಕ್ಷಣ ಮುಂಚಿನ ಹಾಗಿದ್ದ ಅವಳ ನಗು, ಹೊಸಬಳಾಗಿದ್ದ ಜೆಸ್ಸಿ ಹಿಗ್ಗಿನಲ್ಲಿ ಅದನ್ನು ಅವಳಿಗೇ ಹೇಳಿಬಿಟ್ಟಳು, ವಾರದ ನಂತರ ಟೆಸ್ಟಿಗೆ ಬಂದ ಹೆಂಗಸು ಕನ್ನಡಿಯ ಮುಂದೆ ಅಭ್ಯಾಸ ಮಾಡಿಕೊಂಡು ಬಂದಿದ್ದಳು, ನಗು ಇತ್ತು, ಒಳಗೆ ಏನೂ ಇರಲಿಲ್ಲ, ತೊಳೆದಿಟ್ಟ ತಟ್ಟೆ. ಒದೀಲ್ ಆ ದಿನ ಬೈಯಲೂ ಇಲ್ಲ, ಟೇಪನ್ನು ಜೆಸ್ಸಿಯ ಕೈಗೆ ಕೊಟ್ಟಳು, ಇಟ್ಟುಕೋ ಅಂದಳು.

ಇಪ್ಪತ್ತೊಂಬತ್ತು, ಅಲಿಯಬ್ಬ, ದೇರಾದ ಮೀನು ಮಾರ್ಕೆಟಿನ ಹತ್ತಿರ ಕೆಫೆಟೇರಿಯಾ ಉಂಟಂತೆ, ಉಳ್ಳಾಲದ ಕಡೆಯವರು, ಕ್ಯಾಮೆರಾ ಕಂಡದ್ದೇ ಸೈಡಿಗೆ ತಿರುಗಿ ನಿಂತಿದ್ದಾರೆ — ಇಲ್ಲಿ ನೋಡಿ, ಹೆಸರು ಹೇಳಿ ಅಂದರೆ, ಮೇಡಂ, ಸೈಡಿಂದಲೇ ತೆಗೀರಿ, ಎದುರಿಂದ ನಾನು ಎಂತದೂ ಇಲ್ಲ, ಸೈಡಿಂದ ನೋಡಿದ್ರೆ ಬೇರೆಯೇ ಜನ, ಅನ್ನುತ್ತಾರೆ, ನತಾಶಾ ಸ್ಲೇಟಿನ ಹಿಂದೆ ನಗು ಮುಚ್ಚಿಕೊಳ್ಳುತ್ತಾಳೆ, ಸೋಫಾದ ಮೇಲೆ ಕೂತ ಲೊರಾಂ, ನಿರ್ದೇಶಕ, ಅವನಿಗೂ ಭಾಷೆ ತಿಳಿಯದೆ ನಗು ಬಂದಿದೆ, ಏನಂತೆ ಎಂದು ಫ್ರೆಂಚಿನಲ್ಲಿ ಕೇಳಿದ, ಜೆಸ್ಸಿ ಹೇಳಿದಳು, ಅವನು ಇನ್ನೂ ನಕ್ಕ. ಇದ್ರಲ್ಲಿ ಫೈಟಿಂಗ್ ಉಂಟಾ ಎಂದು ಕೇಳುತ್ತಾರೆ ಅಲಿಯಬ್ಬ, ಇಲ್ಲ ಅಂದರೆ, ಪಾಟು, ಹಾಡು ಉಂಟಾ, ಅದೂ ಇಲ್ಲ, ಮತ್ತೆ ಜನ ಎಂತ ನೋಡ್ಲಿಕ್ಕೆ ಬರ್ತಾರೆ ಮೇಡಂ — ಎಂತ ನೋಡಲಿಕ್ಕೆ, ಅದನ್ನು ಹೇಗೆ ಹೇಳುವುದು, ಫ್ರಾನ್ಸಿನ ಲಿಯೊಂ ಊರಿಂದ ಒಬ್ಬ ಅಪ್ಪ ಅಬುಧಾಬಿಗೆ ಬರುತ್ತಾನೆ, ಇಲ್ಲಿ ಎಂಜಿನಿಯರಾಗಿದ್ದ ಮಗ ಸತ್ತಿದ್ದಾನೆ, ಯಾಕೆ ಸತ್ತ ಎಂದು ಯಾರೂ ಸರಿಯಾಗಿ ಹೇಳುವುದಿಲ್ಲ, ಕೊನೆಗೆ ಹೊಟೇಲಿನ ಒಬ್ಬ ವಯಸ್ಸಾದ ವೇಟರ್ ಸಿಗುತ್ತಾನೆ, ಮಗನಿಗೆ ಕೊನೆಯ ಬೆಳಗಿನ ತಿಂಡಿ ಕೊಟ್ಟವನು, ಅವನು ಮೂರೇ ಮಾತು ಹೇಳುತ್ತಾನೆ, ಎರಡು ಮೊಟ್ಟೆ ಕೇಳಿದ್ದರು, ತಿನ್ನಲಿಲ್ಲ, ನಾನು ತಟ್ಟೆ ತೆಗೆದುಕೊಂಡು ಹೋದೆ, ಅಲ್ಲಿಗೆ ಸಿನಿಮಾ ಮುಗಿಯುತ್ತದೆ, ಆ ವೇಟರನ ಮುಖದ ಮೇಲೆ. ದೊಡ್ಡ ನಟ ಎದುರಿಗೆ ಸುಮ್ಮನೆ ಕೂತಿರುತ್ತಾನೆ. ಇಡೀ ಸಿನಿಮಾವನ್ನು ಆ ಒಂದು ಮುಖ ಹೊರಬೇಕು, ಅದು ಸಿಗದಿದ್ದರೆ ನಾನು ಈ ಚಿತ್ರ ಮಾಡುವುದಿಲ್ಲ ಎಂದು ಲೊರಾಂ ಪ್ಯಾರಿಸ್ಸಿನಲ್ಲಿ ಹೇಳಿದ್ದ, ಜೆಸ್ಸಿ ಆಗ ಸುಮ್ಮನೆ ಕೈಚೀಲದಿಂದ ಒಂದು ಫೋಟೋ ತೆಗೆದು ಅವನ ಮುಂದೆ ಇಟ್ಟಿದ್ದಳು.

ಆ ಫೋಟೋ ಈಗಲೂ ಲೊರಾಂನ ಪುಸ್ತಕದೊಳಗೆ ಇದೆ, ಅಂಚು ಕಾಣುತ್ತಿದೆ, ನಿನ್ನೆ ಅಬುಧಾಬಿಯಲ್ಲಿ ಲೊಕೇಶನ್ ನೋಡಿ ಬನಿಯಾಸ್ ದಾಟಿ ಬರುವಾಗ ಕಾರಿನ ಗಾಜಿಗೆ ಹಿಡಿದು ನೋಡುತ್ತಿದ್ದ, ಬಿಸಿಲು ಕಾಗದದ ಹಿಂದಿನಿಂದ ಬಂದು ಅಣ್ಣನ ಬಿಳಿ ತಲೆ ಉರಿಯುವ ಹಾಗೆ ಕಾಣುತ್ತಿತ್ತು, ಈ ಮನುಷ್ಯ ಏನನ್ನೂ ಕೇಳುತ್ತಿಲ್ಲ ನೋಡು ಜೆಸ್ಸಿ, ಯಾರನ್ನೂ ಏನನ್ನೂ ಕೇಳುತ್ತಿಲ್ಲ, ಅಂದಿದ್ದ, ಪಟ್ಟಿಯಲ್ಲಿ ಹೆಸರು ಓದಿ, ನಿನ್ನದೇ ಹೆಸರು ಇವನದ್ದೂ ಅಂದಿದ್ದ, ನಿಮ್ಮಲ್ಲಿ ಮಾರ್ತಾಂ ಎಂಬ ಹೆಸರಿನವರು ಬೀದಿಗೆ ಹತ್ತು ಜನ ಇದ್ದಾರಲ್ಲ, ನಮ್ಮಲ್ಲಿ ಪಿಂಟೊ ಹಾಗೆ, ಎಂದು ಅವಳು ಕಿಟಕಿಯ ಹೊರಗೆ ನೋಡುತ್ತ ಹೇಳಿದ್ದಳು. ಎಷ್ಟು ಸಲೀಸಾಗಿ ಬಂತು. ಸ್ವಂತದವರನ್ನು ಮುಂದೆ ತಂದಳು ಎಂದು ಯಾರೂ ಅನ್ನಬಾರದು, ಅದು ಒಂದು ಕಾರಣ, ಅದೇ ಕಾರಣ ಎಂದು ತನಗೆ ತಾನೇ ಹೇಳಿಕೊಂಡಿದ್ದಾಳೆ, ಆದರೆ ಇನ್ನೊಂದು ಇದೆ, ಆ ಫೋಟೋ ಯಾವಾಗ ತೆಗೆದದ್ದು ಎಂದು ಲೊರಾಂ ಕೇಳಿದರೆ ಹೇಳಬೇಕಾಗುತ್ತದೆ. ಅಕ್ಟೋಬರ್, ನಾಲ್ಕು ತಿಂಗಳ ಹಿಂದೆ, ದೇರಾದ ಆ ಫ್ಲ್ಯಾಟು, ಒಂದು ಕೋಣೆಗೆ ಆರು ಮಂಚ, ಅತ್ತಿಗೆ ರೊಸಲಿನ್ ತೀರಿಕೊಂಡು ನಲವತ್ತು ದಿನ. ಊರಿನಿಂದ ಫೋನ್ ಬಂದದ್ದು ಗುರುವಾರ ಮಧ್ಯಾಹ್ನ, ಅಣ್ಣನ ಪಾಸ್‌ಪೋರ್ಟು ಹೊಟೇಲಿನ ಆಫೀಸಿನ ಲಾಕರಿನಲ್ಲಿ, ಆಫೀಸು ಆಗಲೇ ಮುಚ್ಚಿತ್ತು, ಶುಕ್ರವಾರ ರಜೆ, ಕೀ ಇದ್ದವನು ಎಲ್ಲಿಗೋ ಹೋಗಿದ್ದ, ಶನಿವಾರ ಬೆಳಿಗ್ಗೆ ಅದು ಕೈಗೆ ಸಿಕ್ಕಿ, ಟಿಕೆಟು ಸಿಕ್ಕಿ, ಭಾನುವಾರ ಕಿನ್ನಿಗೋಳಿ ಮುಟ್ಟಿದಾಗ ಮಣ್ಣು ಮಾಡಿ ಒಂದು ದಿನವಾಗಿತ್ತು, ಹೂವು ಬಾಡಿತ್ತು ಬಾಯೆ, ಅಂದಿದ್ದ ಅಷ್ಟೇ, ಮನೆಯ ಕೊಂಕಣಿಯಲ್ಲಿ ತಂಗಿಯನ್ನು ಹಾಗೇ ಕರೆಯುವುದು, ಬಾಯೆ, ಅವಳು ಅವನನ್ನು ಬಾಬ್ ಎಂದು. ಶೋಕ ಎಂದು ಕೂದಲಿಗೆ ಬಣ್ಣ ಹಚ್ಚಿರಲಿಲ್ಲ, ಹೊಟೇಲಿನವರು ಬಿಳಿ ತಲೆ ಗಿರಾಕಿಗಳ ಮುಂದೆ ಬೇಡ ಎಂದು ಸ್ಟೋರ್‌ರೂಮಿನ ಕೆಲಸಕ್ಕೆ ಹಾಕಿದ್ದರು, ಮಂಚದ ಅಂಚಿನಲ್ಲಿ ಚಹಾದ ಗ್ಲಾಸು ಹಿಡಿದು ಕೂತಿದ್ದ, ಕುಡಿಯುತ್ತಿರಲಿಲ್ಲ, ಕೆಳಗಿಡುತ್ತಲೂ ಇರಲಿಲ್ಲ, ಜೆಸ್ಸಿಯ ಕಣ್ಣಿಗೆ ಅದು ಬಿತ್ತು, ತಂಗಿಯ ಕಣ್ಣಿಗಲ್ಲ, ಆ ಇನ್ನೊಂದು ಕಣ್ಣಿಗೆ, ಒದೀಲ್ ಸಾಕಿದ ಕಣ್ಣಿಗೆ, ಕೈ ತಾನಾಗಿ ಚೀಲದೊಳಗೆ ಹೋಗಿ ಕ್ಯಾಮೆರಾ ತೆಗೆಯಿತು. ಫೋಟೋ ಎಂತಕ್ಕೆ ಅಂದ. ಹಾಗೇ ಬಾಬ್, ಇಟ್ಟುಕೊಳ್ಳಲಿಕ್ಕೆ. ತಲೆ ಬಾಚಲೂ ಇಲ್ಲ ಮಾರಾಯ್ತಿ, ಅಂದ, ಅಷ್ಟರಲ್ಲಿ ತೆಗೆದಾಗಿತ್ತು.

ಮೂವತ್ತನೆಯವನು ಬಂದ, ಕೂತ, ಎದ್ದ, ಜೆಸ್ಸಿ ಅವನನ್ನು ನೋಡಿದಳೋ ಇಲ್ಲವೋ, ಕೈ ಏನೋ ಬರೆಯಿತು, ಮುಂದಿನವನು ಅವನು, ಎದೆ ಹೊಡೆದುಕೊಳ್ಳುತ್ತಿದೆ, ಎಂಟು ವರ್ಷದವಳಿದ್ದಾಗ ಪರದೆಯ ಹಿಂದೆ ಹೀಗೇ ಹೊಡೆದುಕೊಂಡಿತ್ತು, ಇಗರ್ಜಿಯ ನಾಟಕ, ಹೆಣ್ಣುಮಕ್ಕಳು ರಂಗ ಹತ್ತದ ಕಾಲ, ಹದಿನೆಂಟರ ಅಣ್ಣ, ಊರಿಗೆಲ್ಲ ಬೆನ್ನಬಾಬ್, ತಾಯಿಯ ವೇಷದಲ್ಲಿ, ಅಮ್ಮನ ಸೀರೆ, ಪ್ರಾಂಪ್ಟರಿಗೆ ಟಾರ್ಚು ಹಿಡಿಯುವ ಕೆಲಸ ಇವಳದ್ದು, ಮಗ ಮನೆಬಿಟ್ಟು ಹೋಗುವಾಗ ತಾಯಿ ಮಾತಾಡಬೇಕು, ಅರ್ಧ ಪುಟದ ಮಾತು, ಅಣ್ಣ ಮರೆತ, ಪ್ರಾಂಪ್ಟರ್ ಪಿಸುಗುಟ್ಟಿದ, ಕೇಳಿಸಲಿಲ್ಲವೋ ಏನೋ, ಅವನು ಸುಮ್ಮನೆ ನಿಂತೇ ಇದ್ದ, ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ, ಬಿಚ್ಚುತ್ತ, ಮುಂದಿನ ಸಾಲಿನಲ್ಲಿ ಶಾರದಮ್ಮ ಟೀಚರು ಬಿಕ್ಕಿದ್ದು ಪರದೆಯ ಹಿಂದೆ ಕೇಳಿಸಿತು, ಆಮೇಲೆ ಇಡೀ ಮೈದಾನ ಅತ್ತಿತು. ಮರುದಿನ ಮಾತು ಮರೆತದ್ದಕ್ಕೆ ಪಾದ್ರಿಗಳು ಬೈದರು, ಅವನಿಗೆ ನಾಚಿಕೆಯಾಯಿತು, ಮುಂದಿನ ವರ್ಷ ಅರ್ಧ ಪುಟವನ್ನೂ ಗಟ್ಟಿಯಾಗಿ, ಎದೆಯ ಮೇಲೆ ಕೈಯಿಟ್ಟು, ಕೊನೆಯ ಸಾಲಿಗೆ ಕೇಳುವ ಹಾಗೆ ಹೇಳಿದ, ಚಪ್ಪಾಳೆ ಬಂತು, ಯಾರೂ ಅಳಲಿಲ್ಲ, ಅವನು ಮಾತ್ರ ಚಪ್ಪಾಳೆಯೇ ದೊಡ್ಡದು ಎಂದುಕೊಂಡ. ಎಂಬತ್ತೆರಡರಲ್ಲಿ ದುಬೈ, ಟ್ರೇ, ಬಿಳಿ ಕೈಗವಸು, ನಾಟಕ ಅಲ್ಲಿಗೆ ನಿಂತಿತು, ಐದು ವರ್ಷದ ಮೇಲೆ ಹೊಟೇಲಿಗೆ ಬರುತ್ತಿದ್ದ ಆ ಫ್ರೆಂಚ್ ಎಂಜಿನಿಯರನಿಗೆ ಕಾಫಿ ಕೊಡುತ್ತ ಕೊಡುತ್ತ, ಸಾರ್, ನನ್ನ ತಂಗಿ ಇದ್ದಾಳೆ, ಮಕ್ಕಳೆಂದರೆ ಜೀವ, ಅಂದವನು ಅವನು, ಅವಳಿಗೆ ಮಕ್ಕಳೆಂದರೆ ಅಷ್ಟಕ್ಕಷ್ಟೇ ಎಂದು ಗೊತ್ತಿದ್ದೂ. ತಂಗಿ ಸಿನಿಮಾದವಳಾದಳು ಎಂದು ಫ್ಲ್ಯಾಟಿನ ಐವರಿಗೂ ಹೇಳಿಟ್ಟಿದ್ದ, ಪ್ರತಿ ಸಲ ಅವಳು ಬಂದಾಗ ಕೇಳುವುದು ಒಂದೇ, ನಿನ್ನ ಆ ಪ್ಯಾರಿಸಿನಲ್ಲಿ ವೇಟರ್‌ಗಳೆಲ್ಲ ಬಿಳಿಯರೇ ಅಲ್ವಾ ಬಾಯೆ, ತಮಾಷೆಯ ಹಾಗೆ ಕೇಳುತ್ತಿದ್ದ, ಅವಳೂ ತಮಾಷೆಯ ಹಾಗೆ ತಲೆಯಾಡಿಸುತ್ತಿದ್ದಳು. ಹದಿನಾಲ್ಕು ವರ್ಷ ಅದು ತಮಾಷೆಯಲ್ಲ ಎಂದು ಇಬ್ಬರಿಗೂ ಗೊತ್ತಿತ್ತು.

ಮೊನ್ನೆ ಮಂಗಳವಾರ ಫೋನ್ ಮಾಡಿದಳು, ಬಾಬ್, ಶುಕ್ರವಾರ ಒಂದು ಟೆಸ್ಟ್ ಉಂಟು, ಬಾ, ಎಲ್ಲರ ಹಾಗೆ ಫಾರ್ಮು ತುಂಬು, ನನ್ನ ಅಣ್ಣ ಎಂದು ಹೇಳಬೇಡ. ಆ ಕಡೆಯಿಂದ ಬಹಳ ಮೆಲ್ಲಗೆ, ಎಂತ ಹಾಕಿಕೊಂಡು ಬರ್ಲಿ. ಎಂತ ಹಾಕಿಕೊಂಡು ಬರ್ಲಿ — ಎಲ್ಲರೂ ಕೇಳುವ ಪ್ರಶ್ನೆ, ಪ್ಯಾರಿಸ್ಸಿನಲ್ಲಿ, ಮಾರ್ಸೆಯಲ್ಲಿ, ಹದಿನಾಲ್ಕು ವರ್ಷದಲ್ಲಿ ಸಾವಿರ ಸಲ ಕೇಳಿಸಿಕೊಂಡದ್ದು, ಅದಕ್ಕೆ ಒದೀಲ್ ಕಲಿಸಿದ ಉತ್ತರ ನಾಲಿಗೆಯ ತುದಿಯಲ್ಲೇ ಇರುತ್ತದೆ, ನಿಮಗೆ ಇಷ್ಟವಾದದ್ದು, ಯಾಕೆಂದರೆ ಅವರು ಆರಿಸಿಕೊಳ್ಳುವ ಬಟ್ಟೆಯೇ ಅವರು ಯಾರೆಂದು ಹೇಳುತ್ತದೆ, ಅದೇ ಉತ್ತರ ಬಂತು, ನಿನಗೆ ಇಷ್ಟವಾದದ್ದು ಹಾಕು ಬಾಬ್, ಅಂದಳು. ಇರುವ ಹಾಗೇ ಬಾ ಅನ್ನಬಹುದಿತ್ತು. ಎರಡೇ ಮಾತು. ಅಂದಿದ್ದರೆ, ಇರುವ ಹಾಗೇ ಅಂದ್ರೆ ಹೇಗೆ ಎಂದು ಕೇಳುತ್ತಿದ್ದ, ಕೇಳಿದರೆ ಫೋಟೋದ ವಿಷಯ ಹೇಳಬೇಕಿತ್ತು, ನಿನ್ನ ಹೆಂಡತಿಯ ನಲವತ್ತನೇ ದಿನದ ನಿನ್ನ ಮುಖ ನನ್ನ ಫೈಲಿನಲ್ಲಿ ಉಂಟು, ಅದು ಇವರಿಗೆ ಬಹಳ ಹಿಡಿಸಿದೆ — ಹೇಗೆ ಹೇಳುವುದು, ಯಾವ ಬಾಯಿಂದ. ನಿಯಮ ಎಂದುಕೊಂಡಳು, ನಿಯಮ ಆ ಹೊತ್ತಿಗೆ ಒಳ್ಳೆಯ ಆಸರೆಯಾಯಿತು.

ಮೂವತ್ತೊಂದು, ಮಿಸ್ಟರ್ ಬೆನೆಡಿಕ್ಟ್, ಅನ್ನುತ್ತಾಳೆ ನತಾಶಾ, ಬಾಗಿಲು ತೆರೆಯುತ್ತದೆ, ಯಾರೋ ಒಳಗೆ ಬರುತ್ತಾರೆ, ಯಾರೋ ಬೇರೆಯವರು, ನಂಬರು ತಪ್ಪಾಯಿತು ಎಂದು ಒಂದು ಗಳಿಗೆ ನಿಜವಾಗಿಯೂ ಅನಿಸುತ್ತದೆ, ಕಾಗೆಗಿಂತ ಕಪ್ಪು ಕೂದಲು, ಎಣ್ಣೆ ಹಾಕಿ ಹಿಂದಕ್ಕೆ ಬಾಚಿದ್ದು, ಮೀಸೆಯೂ ಕಪ್ಪು, ಮಗಳ ಮದುವೆಗೆ ಹೊಲಿಸಿದ ನೀಲಿ ಸೂಟು, ಎದೆಯ ಜೇಬಿನಲ್ಲಿ ಮೂರು ಮೂಲೆ ಕಾಣುವ ಹಾಗೆ ಮಡಚಿಟ್ಟ ಬಿಳಿ ಕರವಸ್ತ್ರ, ನಕ್ಕರೆ ಮುಂದಿನ ಖಾಲಿ ಜಾಗದಲ್ಲಿ ಹೊಸ ಹಲ್ಲು, ನಕ್ಕ, ಎಲ್ಲರಿಗೂ ಒಂದೇ ಸಮನಾಗಿ ಹಂಚಿ ನಕ್ಕ, ಅವಳಿಗೆ ಹೆಚ್ಚು ಸಿಗದ ಹಾಗೆ ಜಾಗ್ರತೆ ಮಾಡಿ, ಗುಡ್ ಆಫ್ಟರ್‌ನೂನ್ ಮೇಡಂ, ಗುಡ್ ಆಫ್ಟರ್‌ನೂನ್ ಸರ್. ಹತ್ತು ವರ್ಷ ಚಿಕ್ಕವನಾಗಿದ್ದಾನೆ. ಎಷ್ಟು ಕಷ್ಟಪಟ್ಟಿರಬೇಕು, ಆರು ಮಂದಿಗೆ ಒಂದೇ ಬಚ್ಚಲು, ಬಣ್ಣ ಹಿಡಿಯುವವರೆಗೆ ಯಾರು ಬಿಡುತ್ತಾರೆ, ಕೋಣೆಯ ಜೊತೆಗಾರ ಕ್ಯಾಮಿಲಸ್ ಬಾಗಿಲು ಬಡಿದಿರುತ್ತಾನೆ, ಒಳಗೆಂತ ಮದುಮಗ ರೆಡಿಯಾಗ್ತಾ ಇದ್ದಾನಾ ಎಂದು ಕೇಳಿರುತ್ತಾನೆ, ಎಲ್ಲರೂ ನಕ್ಕಿರುತ್ತಾರೆ, ಇವನೂ ಒಳಗಿನಿಂದ ನಕ್ಕಿರುತ್ತಾನೆ. ಇಷ್ಟೆಲ್ಲ ತಂಗಿಯ ಮಾನ ಉಳಿಯಲಿ ಎಂದು. ಮುದುಕ ವೇಟರನನ್ನು ಕರೆದುಕೊಂಡು ಬಂದಳು ಅನ್ನಬಾರದು ಎಂದು. ಲೊರಾಂ ಅವಳ ಕಡೆ ಬಾಗಿ ಕೇಳುತ್ತಾನೆ, ಇವನ್ಯಾರು. ಫೋಟೋದವನೇ, ಅನ್ನುತ್ತಾಳೆ ಜೆಸ್ಸಿ, ಅವಳದೇ ದನಿ ಪಕ್ಕದ ಕೋಣೆಯಿಂದ ಬಂದ ಹಾಗೆ. ಲೊರಾಂ ಪುಸ್ತಕ ತೆರೆದು ಫೋಟೋ ನೋಡುತ್ತಾನೆ, ಮನುಷ್ಯನನ್ನು ನೋಡುತ್ತಾನೆ, ಮತ್ತೆ ಫೋಟೋ, ಅಯ್ಯೋ ಪಾಪ ಅನ್ನುತ್ತಾನೆ, ನಿಜವಾಗಿಯೂ ಮರುಗಿ, ಕೂದಲನ್ನು ಮೇಕಪ್ಪಿನವರು ಬಿಳಿ ಮಾಡಬಹುದು, ಓದಿಸಿ ನೋಡೋಣ. ಫಾರ್ಮು ಅವಳ ಕೈಯಲ್ಲಿದೆ, ಕೊನೆಯ ಪ್ರಶ್ನೆ, ಚಿತ್ರತಂಡದಲ್ಲಿ ನಿಮ್ಮ ಬಂಧುಗಳು ಯಾರಾದರೂ ಇದ್ದಾರೆಯೇ, ಎದುರಿಗೆ ದೊಡ್ಡ ಅಕ್ಷರದಲ್ಲಿ ನೋ, ಕೆಳಗೆ ಎರಡು ಗೆರೆ ಎಳೆದಿದ್ದಾನೆ.

ಅಪ್ಪನ ಮಾತನ್ನು ಅವಳು ಓದುತ್ತಾಳೆ, ಕ್ಯಾಮೆರಾದ ಪಕ್ಕದಿಂದ, ಪ್ರಾಂಪ್ಟರಿನ ಜಾಗದಿಂದ, ನನ್ನ ಮಗನಿಗೆ ಕೊನೆಗೆ ತಿಂಡಿ ಕೊಟ್ಟವರು ನೀವೇ ಅಂತೆ, ಅನ್ನುತ್ತಾಳೆ, ಅವನು ಎದೆಯ ಮೇಲೆ ಕೈಯಿಡುತ್ತಾನೆ, ಬೇಡ ಬಾಬ್, ಕೈ ಬೇಡ, ಎಂದು ಮನಸ್ಸಿನಲ್ಲೇ ಅನ್ನುತ್ತಾಳೆ, ಕಣ್ಣು ದೂರ ನೆಟ್ಟು ಮೈದಾನದ ಕೊನೆಯ ಸಾಲಿಗೆ ಕೇಳುವ ಹಾಗೆ ಹೇಳುತ್ತಾನೆ, ಎರಡು ಮೊಟ್ಟೆ ಕೇಳಿದ್ದರು, ದನಿ ನಡುಗಿಸುತ್ತಾನೆ, ತಿನ್ನಲಿಲ್ಲ, ತಲೆ ಬಗ್ಗಿಸುತ್ತಾನೆ, ನಾನು ತಟ್ಟೆ ತೆಗೆದುಕೊಂಡು ಹೋದೆ, ಮುಗಿಸಿ ಚಪ್ಪಾಳೆಗೆ ಕಾದವನ ಹಾಗೆ ತಲೆ ಬಗ್ಗಿಸಿಯೇ ಇರುತ್ತಾನೆ. ಒಂದು ಮಾತೂ ಮರೆಯಲಿಲ್ಲ. ಲೊರಾಂ ಅಂಗೈಯಿಂದ ಮುಖ ಉಜ್ಜಿಕೊಳ್ಳುತ್ತಾನೆ, ಜೆಸ್ಸಿ, ನಿನಗೆ ಇವನ ಭಾಷೆ ಬರುತ್ತದಲ್ಲ, ಹೇಳು ಇವನಿಗೆ, ಏನೂ ಮಾಡಬೇಡ ಎಂದು ಹೇಳು, ಈ ಫೋಟೋ ತೆಗೆದ ದಿನ ಹೇಗೆ ಕೂತಿದ್ದನೋ ಹಾಗೆ ಕೂರಲಿ, ಅವತ್ತು ಏನಾಗಿತ್ತು ಇವನಿಗೆ, ನಿನಗೆ ಗೊತ್ತೇ. ಗೊತ್ತಿಲ್ಲ, ಅನ್ನುತ್ತಾಳೆ. ಕೇಳು ಹಾಗಾದರೆ. ಅಣ್ಣ ಅವಳನ್ನೇ ನೋಡುತ್ತಿದ್ದಾನೆ, ಫ್ರೆಂಚು ತಿಳಿಯದು ಅವನಿಗೆ, ಆದರೆ ಮೂವತ್ತು ಅಡಿ ದೂರದ ಮೇಜಿನಲ್ಲಿ ಗಿರಾಕಿಗೆ ಊಟ ಹಿಡಿಸಿಲ್ಲ ಎಂದು ಬೆನ್ನು ನೋಡಿಯೇ ಹೇಳಬಲ್ಲವನು, ಅವನಿಗೆ ತಿಳಿಯುತ್ತಿದೆ. ಈಗ ಹೇಳಬಹುದು, ಕೊಂಕಣಿಯಲ್ಲಿ, ಈ ಕೋಣೆಯಲ್ಲಿ ನತಾಶಾಳಿಗೆ ಬಿಟ್ಟರೆ ಯಾರಿಗೂ ತಿಳಿಯದು, ಬಾಬ್, ರೊಸಲಿನ್ ಹೋದ ಮೇಲೆ ಮಂಚದ ಮೇಲೆ ಕೂತಿದ್ದೆಯಲ್ಲ, ಹಾಗೆ ಕೂತುಕೊ, ಹೇಳಿದರೆ ಕೂರುತ್ತಾನೆ, ತಂಗಿ ಹೇಳಿದ್ದನ್ನು ಯಾವತ್ತು ಇಲ್ಲ ಅಂದಿದ್ದಾನೆ, ಆ ಮುಖ ಇಳಿದು ಬರುತ್ತದೆ, ಪಾತ್ರ ಅವನದ್ದಾಗುತ್ತದೆ, ಪ್ಯಾರಿಸ್ಸಿನ ತೆರೆಯ ಮೇಲೆ ಬೆನೆಡಿಕ್ಟ್ ಪಿಂಟೊ, ಮತ್ತು ಅದರ ಜೊತೆ, ಫೋಟೋ ಎಂತಕ್ಕೆ ಎಂದು ತಾನು ಕೇಳಿದ್ದಕ್ಕೆ ನಾಲ್ಕು ತಿಂಗಳ ಮೇಲೆ ಉತ್ತರ ಸಿಗುತ್ತದೆ ಅವನಿಗೆ, ಈ ಸೂಟು, ಈ ಬಣ್ಣ, ಈ ಹಲ್ಲು ಯಾವುದೂ ಬೇಕಿರಲಿಲ್ಲ, ಬೇಕಾದದ್ದು ನಿನ್ನ ಅತ್ತು ಮುಗಿದ ಮುಖ, ಅದನ್ನು ನಾನು ಆಗಲೇ ತೆಗೆದುಕೊಂಡು ಹೋಗಿ ತೋರಿಸಿಯಾಗಿತ್ತು. ಬಾಯಿ ತೆರೆಯುತ್ತಾಳೆ. ಸ್ವಲ್ಪ ಮೆಲ್ಲಗೆ ಹೇಳಿ, ಅನ್ನುತ್ತಾಳೆ, ಹೇಳಿ, ಬಹುವಚನದಲ್ಲಿ, ಕನ್ನಡದಲ್ಲಿ. ಅವನು ತಲೆಯಾಡಿಸಿ ಮೆಲ್ಲಗೆ ಹೇಳುತ್ತಾನೆ, ಅದೇ ಕೈ, ಅದೇ ಕೊನೆಯ ಸಾಲು, ಮೆಲ್ಲಗೆ. ಲೊರಾಂ ಪುಸ್ತಕ ಮುಚ್ಚುತ್ತಾನೆ.

ಆಯಿತು, ನಾವು ಫೋನ್ ಮಾಡ್ತೇವೆ — ಹೇಳಿಬಿಟ್ಟಳು, ಆರುನೂರು ಜನರಿಗೆ ಹೇಳಿದ ಅದೇ ರಾಗದಲ್ಲಿ, ಹೇಳಿದ ಮೇಲೆ ನೆನಪಾಯಿತು, ಇದರ ಅರ್ಥ ಅವನಿಗೆ ಅವಳೇ ಹೇಳಿಕೊಟ್ಟದ್ದು, ಯಾವುದೋ ವರ್ಷ ಊಟಕ್ಕೆ ಕೂತಾಗ, ಫೋನ್ ಮಾಡ್ತೇವೆ ಅಂದ್ರೆ ಮಾಡುವುದಿಲ್ಲ ಅಂತ ಬಾಬ್, ಅವನು ಬಂಗುಡೆಯ ಮುಳ್ಳು ಬಿಡಿಸುತ್ತ ನಕ್ಕಿದ್ದ, ನಮ್ಮ ಮ್ಯಾನೇಜರ್ ಇನ್ಶಾ ಅಲ್ಲಾ ಅಂದ ಹಾಗೆ ಹಾಗಾದ್ರೆ. ಈಗ ನಗಲಿಲ್ಲ, ನಗದೆ ಇರಲೂ ಇಲ್ಲ, ಥ್ಯಾಂಕ್ಯೂ ಮೇಡಂ, ತೊಂದ್ರೆ ಇಲ್ಲ, ಅಂದ, ತೊಂದ್ರೆ ಇಲ್ಲ ಅಂದದ್ದು ಮಾತ್ರ ಬಾಬ್, ಉಳಿದದ್ದು ಮೂವತ್ತೊಂದನೇ ನಂಬರು. ಟೇಪ್ ಮುಗೀತು ಆಂಟಿ, ನತಾಶಾ ಕ್ಯಾಮೆರಾದ ಹೊಟ್ಟೆ ತೆರೆದು ಟೇಪು ತೆಗೆಯುತ್ತಿದ್ದಾಳೆ, ಲೊರಾಂ ಇನ್ನೊಂದು ಫೋಟೋ ಹಿಡಿದು, ಇಪ್ಪತ್ತೆರಡನೆಯವನನ್ನು ಮತ್ತೆ ಕರೆಸೋಣವೇ ಎಂದು ಕೇಳುತ್ತಿದ್ದಾನೆ, ಮೂಗಿನ ಹತ್ತಿರ ಏನೋ ಇತ್ತು ಅವನಲ್ಲಿ, ಅಲ್ಲವೇ ಜೆಸ್ಸಿ. ಅಣ್ಣ ಎದ್ದಿದ್ದಾನೆ, ಬಾಗಿಲ ಕಡೆ ಹೊರಟವನು ಸೋಫಾದ ಮುಂದೆ ನಿಂತಿದ್ದಾನೆ, ಗಾಜಿನ ಮೇಜಿನ ಮೇಲೆ ಬೆಳಗಿನಿಂದ ಮೂರು ಚಹಾದ ಕಪ್ಪು, ಆರಿ ಕೆನೆಗಟ್ಟಿದ್ದು, ಅವನು ಯೋಚಿಸಲಿಲ್ಲ, ಯೋಚಿಸಿದ್ದರೆ ಮಾಡುತ್ತಿರಲಿಲ್ಲ, ಈ ಸೂಟಿನಲ್ಲಿ, ಇವತ್ತು, ಒಂದನ್ನು ಎತ್ತಿ ಎರಡನೆಯದನ್ನು ಅದರ ಮೇಲಿಟ್ಟು ಮೂರನೆಯದನ್ನು ಕಿರುಬೆರಳಿಗೆ ಸಿಕ್ಕಿಸಿ, ಸ್ವಲ್ಪವೂ ಸದ್ದಿಲ್ಲ, ಗಾಜಿನ ಮೇಲೆ ಕಪ್ಪಿನ ಒದ್ದೆ ಉಂಗುರ ಉಳಿದಿತ್ತು, ಎಡಗೈಯಲ್ಲಿ ಕಪ್ಪುಗಳು, ಬಲಗೈ ಒರೆಸುವ ಬಟ್ಟೆ ಹುಡುಕಿ ಭುಜದ ಕಡೆ ಹೋಯಿತು, ಅಲ್ಲಿ ಇರಲಿಲ್ಲ, ಎದೆಯ ಜೇಬಿಗೆ ಬಂತು, ಮೂರು ಮೂಲೆಯ ಬಿಳಿ ಕರವಸ್ತ್ರ ಎಳೆದು ಮೇಜು ಒರೆಸತೊಡಗಿದ, ಬಾಗಿದ ಕಪ್ಪು ತಲೆಯ ಕೆಳಗೆ ಆ ಮುಖ ಇತ್ತು, ಅದೇ, ಯಾರನ್ನೂ ಏನನ್ನೂ ಕೇಳದ್ದು, ಮಂಚದ ಅಂಚಿನದ್ದು, ಎರಡು ಮೊಟ್ಟೆ, ತಿನ್ನಲಿಲ್ಲ, ತಟ್ಟೆ, ಅಷ್ಟೂ ಇತ್ತು, ಲೊರಾಂ ನೋಡು ಎಂದು ಒಂದೇ ಒಂದು ಮಾತು ಅವಳ ನಾಲಿಗೆಗೆ ಬಂತು, ನೋಡು ಅಂದರೆ ಅಣ್ಣನೂ ತಲೆ ಎತ್ತುತ್ತಾನೆ, ಎತ್ತಿದರೆ ಅವಳ ಕಣ್ಣು ಕಾಣುತ್ತದೆ, ಯಾವ ಕಣ್ಣು ಎಂದು ತಿಳಿಯುತ್ತದೆ, ಮಾತು ಅಲ್ಲೇ ನಿಂತಿತು, ಅಣ್ಣನ ಕೈ ನಿಲ್ಲಲಿಲ್ಲ, ಒರೆಸುತ್ತಲೇ ಇತ್ತು. ಆಮೇಲೆ ಬಾಗಿಲು, ಅಣ್ಣ ಹೋದ. ಆಮೇಲೆ ಮೂವತ್ತೆರಡು, ಹೆಸರು ಅಬ್ದುಲ್ ರವೂಫ್ ಮೇಡಂ, ಎಡಕ್ಕೆ ತಿರುಗಲಾ ಮೇಡಂ, ಅವಳ ಕಣ್ಣೊಳಗೆ ಅದೇ ಬಿಳಿ ಕರವಸ್ತ್ರ, ಗಾಜಿನ ಮೇಲೆ ಒಂದು ಸುತ್ತು, ಆಂಟಿ ಆರ್ ಯು ಓಕೆ, ಇನ್ನೊಂದು ಸುತ್ತು, ಉಂಗುರದ ಅರ್ಧ ಹೋಗಿದೆ, ಮೇಡಂ ಬಲಕ್ಕೆ ತಿರುಗಲಾ, ಇನ್ನೊಂದು ಸುತ್ತು, ಈಗ ಮೇಜಿನ ಮೇಲೆ ಏನೂ ಇಲ್ಲ, ಯಾರೂ ಅಲ್ಲಿ ಕಪ್ಪು ಇಟ್ಟೇ ಇರಲಿಲ್ಲ ಅನ್ನುವ ಹಾಗೆ, ಆದರೂ ಕೈ ನಿಲ್ಲುತ್ತಿಲ್ಲ, ಬಿಳಿ ಕರವಸ್ತ್ರ, ಗಾಜು, ಇನ್ನೊಂದು ಸುತ್ತು,